ಐದು ತಂತಿ, ಎರಡು ಬೆರಳು: ಕೀತ್ ರಿಚರ್ಡ್ಸ್ ಹಾಡುಗಳೊಳಗಿನ ಹಳೆಯ ಆರ್ ಅಂಡ್ ಬಿ ರೆಕಾರ್ಡುಗಳು

2023ರ ಅಕ್ಟೋಬರ್‌ನಲ್ಲಿ ಇಂಗ್ಲೆಂಡಿನ ರಾಕ್ ತಂಡ ರೋಲಿಂಗ್ ಸ್ಟೋನ್ಸ್‌ನ ‘ಹ್ಯಾಕ್ನಿ ಡೈಮಂಡ್ಸ್’ ಆಲ್ಬಮ್ ಬಂತು. ಅದರ ಕೊನೆಯ ಹಾಡಿನಲ್ಲಿ ಡ್ರಮ್ ಇಲ್ಲ, ಬೇಸ್ ಇಲ್ಲ. ಕೀತ್ ರಿಚರ್ಡ್ಸ್ ಅವರ ಗಿಟಾರ್, ಮಿಕ್ ಜಾಗರ್ ಅವರ ದನಿ ಮತ್ತು ಮೌತ್ ಆರ್ಗನ್, ಅಷ್ಟೇ. ಆ ಹಾಡು ಅಮೆರಿಕದ ಬ್ಲೂಸ್ ಗಾಯಕ ಮಡ್ಡಿ ವಾಟರ್ಸ್ ಅವರದು, 1950ರಲ್ಲಿ ಷಿಕಾಗೋದಲ್ಲಿ ರೆಕಾರ್ಡ್ ಆದದ್ದು. 1962ರಲ್ಲಿ ತಂಡಕ್ಕೆ ಹೆಸರು ಸಿಕ್ಕಿದ್ದೂ ಅದರಿಂದಲೇ. 2003ರ ಏಪ್ರಿಲ್‌ನಲ್ಲಿ ಬೆಂಗಳೂರಿನ ಅರಮನೆ ಮೈದಾನದಲ್ಲಿ ಇದೇ ತಂಡವನ್ನು ನೋಡಿದವರಿಗೂ, ಈಗ ಫೋನಿನಲ್ಲಿ ಮೊದಲ ಸಲ ಕೇಳುತ್ತಿರುವವರಿಗೂ ಏಳುವ ಪ್ರಶ್ನೆ ಒಂದೇ: ಅಮೆರಿಕದ ಕಪ್ಪು ಜನರ ಸಂಗೀತ ಲಂಡನ್ ಪಕ್ಕದ ಸಣ್ಣ ಊರಿನ ಹುಡುಗನ ಕೈಗೆ ಹತ್ತಿದ್ದು ಹೇಗೆ?

‘ಪ್ರಭಾವ’ ಎಂದು ಒಂದೇ ಮಾತಿನಲ್ಲಿ ಉತ್ತರಿಸುವುದು ರೂಢಿ. ಆದರೆ ಆ ಮಾತು ಬಹಳ ಸಡಿಲ, ಅದರಿಂದ ಏನೂ ತಿಳಿಯುವುದಿಲ್ಲ. ರಿಚರ್ಡ್ಸ್ ಆ ರೆಕಾರ್ಡುಗಳಿಂದ ಎತ್ತಿಕೊಂಡದ್ದರಲ್ಲಿ ಧಾಟಿಗಳಿಗಿಂತ ಬೆರಳಿನ ಕೆಲಸವೇ ಹೆಚ್ಚು. ಯಾವ ತಂತಿ, ಯಾವ ಫ್ರೆಟ್ (ಗಿಟಾರಿನ ಕತ್ತಿನ ಮೇಲಿನ ಅಡ್ಡಪಟ್ಟಿ), ಯಾವ ಬೆರಳು ಎಂದು ಬಿಡಿಸಿ ನೋಡಿದರೆ 1950ರ ದಶಕದ ಒಂದು ಸಣ್ಣ ಚಲನೆ ಅವರ ಹೆಸರಾಂತ ಹಾಡುಗಳಲ್ಲಿ ಮತ್ತೆ ಮತ್ತೆ ಸಿಗುತ್ತದೆ. ಕರ್ನಾಟಕ ಸಂಗೀತದ ಸರಿಗಮ ಗೊತ್ತಿದ್ದರೆ ಸಾಕು, ಇದನ್ನು ಹಿಡಿಯಬಹುದು.

ಯಾವ ಆರ್ ಅಂಡ್ ಬಿ?

ಇವತ್ತು ಆರ್ ಅಂಡ್ ಬಿ ಎಂದರೆ ನುಣುಪಾದ ದನಿಯ ಪಾಪ್ ಹಾಡು ನೆನಪಾಗುತ್ತದೆ. ಇಲ್ಲಿ ಹೇಳುತ್ತಿರುವುದು ಅದಲ್ಲ. ಅಮೆರಿಕದಲ್ಲಿ ಕಪ್ಪು ಜನರಿಗಾಗಿ ಮಾರುತ್ತಿದ್ದ ರೆಕಾರ್ಡ್ ತಟ್ಟೆಗಳನ್ನು ‘ರೇಸ್ ರೆಕಾರ್ಡ್ಸ್’, ಎಂದರೆ ಜನಾಂಗದ ರೆಕಾರ್ಡುಗಳು, ಎಂದು ಪಟ್ಟಿ ಮಾಡುತ್ತಿದ್ದರು. ಆ ಹೆಸರು ಮುಜುಗರದ್ದಾಗಿತ್ತು. 1949ರಲ್ಲಿ ಬಿಲ್‌ಬೋರ್ಡ್ ಪತ್ರಿಕೆ ಅದನ್ನು ತೆಗೆದು ‘ರಿದಮ್ ಅಂಡ್ ಬ್ಲೂಸ್’ ಎಂದು ಹಾಕಿತು. ಹೆಸರು ಸೂಚಿಸಿದವರು ಅಲ್ಲಿ ಕೆಲಸದಲ್ಲಿದ್ದ ಜೆರ್ರಿ ವೆಕ್ಸ್ಲರ್. ಹಾಗಾಗಿ ಮೊದಲಿಗೆ ಇದು ಒಂದು ಶೈಲಿಗಿಂತ ಹೆಚ್ಚಾಗಿ ಅಂಗಡಿಯ ಕಪಾಟಿನ ಹೆಸರು. ಹಳ್ಳಿಯ ಬ್ಲೂಸ್, ಕುಣಿತದ ಪಿಯಾನೋ, ಚರ್ಚಿನ ದನಿ ಎಲ್ಲವೂ ಅದೇ ಕಪಾಟಿನಲ್ಲಿ ಇರುತ್ತಿದ್ದವು.

ಅದರೊಳಗೆ ರಿಚರ್ಡ್ಸ್ ಅವರನ್ನು ಹಿಡಿದದ್ದು ಷಿಕಾಗೋದ ಶಬ್ದ. ಮಿಸಿಸಿಪಿಯ ಹತ್ತಿ ಹೊಲಗಳನ್ನು ಬಿಟ್ಟು ಉತ್ತರದ ಕಾರ್ಖಾನೆ ನಗರಗಳಿಗೆ ಗುಳೆ ಹೋದ ಲಕ್ಷಾಂತರ ಜನರಲ್ಲಿ ಮಡ್ಡಿ ವಾಟರ್ಸ್ ಒಬ್ಬರು. ಅವರು ಷಿಕಾಗೋ ಸೇರಿದ್ದು 1943ರಲ್ಲಿ. ಗದ್ದಲದ ಬಾರುಗಳಲ್ಲಿ ಮರದ ಗಿಟಾರ್ ಯಾರಿಗೂ ಕೇಳಿಸುತ್ತಿರಲಿಲ್ಲ, ಹಾಗಾಗಿ ಎಲೆಕ್ಟ್ರಿಕ್ ಗಿಟಾರ್ ಹಿಡಿದರು. ಆಂಪ್ಲಿಫೈಯರನ್ನು ಅದರ ಮಿತಿಗಿಂತ ಜೋರು ಮಾಡಿದಾಗ ದನಿ ಸ್ವಲ್ಪ ಒಡೆಯುತ್ತದೆ. ಆ ಒಡಕು ದನಿಯೇ ಮುಂದೆ ರಾಕ್‌ನ ಗುರುತಾಯಿತು. ಇವರ ತಟ್ಟೆಗಳನ್ನು ಹೊರತಂದದ್ದು ಪೋಲೆಂಡಿನಿಂದ ವಲಸೆ ಬಂದ ಲೆನರ್ಡ್ ಮತ್ತು ಫಿಲ್ ಚೆಸ್ ಎಂಬ ಅಣ್ಣತಮ್ಮಂದಿರ ಚೆಸ್ ರೆಕಾರ್ಡ್ಸ್. 1955ರಲ್ಲಿ ಸೇಂಟ್ ಲೂಯಿಸ್‌ನಿಂದ ಬಂದ ಗಾಯಕ, ಗಿಟಾರ್ ವಾದಕ ಚಕ್ ಬೆರಿಗೆ ಚೆಸ್ ಬಾಗಿಲು ತಟ್ಟಲು ಹೇಳಿದವರೂ ಮಡ್ಡಿ ವಾಟರ್ಸೇ.

ಡಾರ್ಟ್‌ಫರ್ಡ್ ಸ್ಟೇಷನ್ನಿನ ಎರಡು ಎಲ್‌ಪಿ

1961ರ ಅಕ್ಟೋಬರ್ 17. ಕೆಂಟ್ ಜಿಲ್ಲೆಯ ಡಾರ್ಟ್‌ಫರ್ಡ್ ರೈಲು ನಿಲ್ದಾಣದ ಎರಡನೇ ಪ್ಲಾಟ್‌ಫಾರಂ. ರಿಚರ್ಡ್ಸ್ ಸಿಡ್‌ಕಪ್‌ನ ಕಲಾಶಾಲೆಗೆ ಹೊರಟಿದ್ದರು, ಜಾಗರ್ ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ಗೆ. ಪ್ರೈಮರಿ ಶಾಲೆಯಲ್ಲಿ ಒಟ್ಟಿಗೆ ಓದಿದ್ದವರು ನಡುವೆ ಬೇರೆ ಬೇರೆಯಾಗಿದ್ದರು. ಜಾಗರ್ ಕಂಕುಳಲ್ಲಿ ಎರಡು ಎಲ್‌ಪಿ ಇದ್ದವು: ಚಕ್ ಬೆರಿಯ ‘ರಾಕಿನ್ ಅಟ್ ದ ಹಾಪ್ಸ್’, ಇನ್ನೊಂದು ‘ದ ಬೆಸ್ಟ್ ಆಫ್ ಮಡ್ಡಿ ವಾಟರ್ಸ್’. ಮಾತು ಶುರುವಾದದ್ದು ಆ ಎಲ್‌ಪಿಗಳಿಂದ. ಈಗ ಆ ಪ್ಲಾಟ್‌ಫಾರಂನಲ್ಲಿ ಫಲಕ ಹಾಕಿದ್ದಾರೆ.

ಆ ಎಲ್‌ಪಿಗಳು ಎಷ್ಟು ಅಪರೂಪ ಎಂಬುದು ಇಲ್ಲಿ ಮುಖ್ಯ. ಇಂಗ್ಲೆಂಡಿನ ಅಂಗಡಿಗಳಲ್ಲಿ ಅವು ಸುಲಭಕ್ಕೆ ಸಿಗುತ್ತಿರಲಿಲ್ಲ. ಜಾಗರ್ ಷಿಕಾಗೋದ ಚೆಸ್ ಕಂಪನಿಗೇ ನೇರ ಹಣ ಕಳಿಸಿ ಅಂಚೆಯಲ್ಲಿ ತರಿಸಿಕೊಳ್ಳುತ್ತಿದ್ದರು. ಕೈಗೆ ಸಿಗುವುದು ಬೆರಳೆಣಿಕೆಯ ತಟ್ಟೆ, ಅದನ್ನೇ ನೂರು ಸಲ ಕೇಳಬೇಕು. ಕಲಿಸುವ ಗುರು ಇಲ್ಲ, ನೋಡಿ ಕಲಿಯಲು ವಿಡಿಯೊ ಇಲ್ಲ. ಮುಳ್ಳನ್ನು ಎತ್ತಿ ಎರಡು ಸೆಕೆಂಡು ಹಿಂದಕ್ಕಿಡು, ಗಿಟಾರಿನಲ್ಲಿ ಹುಡುಕು, ಮತ್ತೆ ಮುಳ್ಳು ಎತ್ತು. ಆ ಕಾಲದ ಹಲವು ಪ್ಲೇಯರುಗಳಲ್ಲಿ ನಿಮಿಷಕ್ಕೆ 33 ಸುತ್ತಿನ ಜೊತೆಗೆ 16 ಸುತ್ತಿನ ವೇಗವೂ ಇರುತ್ತಿತ್ತು. ಅರ್ಧ ವೇಗಕ್ಕೆ ಇಳಿಸಿದರೆ ಸ್ವರಗಳು ಸರಿಯಾಗಿ ಒಂದು ಸ್ಥಾಯಿ ಕೆಳಗೆ ಬರುತ್ತವೆ, ಶ್ರುತಿ ಮಾತ್ರ ಅದೇ. ಕಷ್ಟದ ಜಾಗ ಬಿಡಿಸಿಕೊಳ್ಳಲು ಕಲಿಯುವವರಿಗೆ ಇದೊಂದು ಉಪಾಯ.

ಹೀಗೆ ಕಲಿಯುವುದರಲ್ಲಿ ಒಂದು ಎಡವಟ್ಟೂ ಇದೆ. ತಟ್ಟೆಯಲ್ಲಿ ಎಷ್ಟು ಜನ ನುಡಿಸುತ್ತಿದ್ದಾರೆ ಎಂಬುದೇ ತಿಳಿಯುವುದಿಲ್ಲ. ಸ್ಟೋನ್ಸ್ ತಂಡದ ಇನ್ನೊಬ್ಬ ಗಿಟಾರ್ ವಾದಕ ಬ್ರಯನ್ ಜೋನ್ಸ್ ಮನೆಯಲ್ಲಿ ಹಳೆಯ ಬ್ಲೂಸ್ ಗಾಯಕ ರಾಬರ್ಟ್ ಜಾನ್ಸನ್ ತಟ್ಟೆ ಕೇಳಿದಾಗ ರಿಚರ್ಡ್ಸ್, ಜೊತೆಗೆ ನುಡಿಸುತ್ತಿರುವ ಇನ್ನೊಬ್ಬ ಯಾರು ಎಂದು ಕೇಳಿದ್ದರಂತೆ. ಇನ್ನೊಬ್ಬ ಇರಲೇ ಇಲ್ಲ. ಒಂದೇ ಗಿಟಾರಿನಲ್ಲಿ ಹೆಬ್ಬೆರಳು ಬೇಸ್ ನಡೆಸುತ್ತಿತ್ತು, ಉಳಿದ ಬೆರಳುಗಳು ಮೇಲಿನ ತಂತಿಗಳಲ್ಲಿ ಹಾಡುತ್ತಿದ್ದವು.

ಹನ್ನೆರಡು ಬಾರ್, ಅಂದರೆ ಆದಿತಾಳದ ಆರು ಆವರ್ತನ

ಈ ತಟ್ಟೆಗಳ ಬಹುಪಾಲು ಹಾಡುಗಳಿಗೆ ಅಡಿಪಾಯ ಒಂದೇ: ಹನ್ನೆರಡು ಬಾರ್‌ಗಳ ಬ್ಲೂಸ್. ಒಂದು ಬಾರ್‌ಗೆ ನಾಲ್ಕು ಎಣಿಕೆ, ಹನ್ನೆರಡು ಬಾರ್‌ಗೆ 48. ಆದಿತಾಳದ ಎಂಟು ಎಣಿಕೆಯ ಆವರ್ತನ ಆರು ಸಲ ಬಂದರೂ 48 ಎಣಿಕೆಯೇ. ಕೈಯಲ್ಲಿ ತಾಳ ಹಾಕಿಕೊಂಡು ಕೇಳಿದರೆ ಹೀಗೆ ಸಾಗುತ್ತದೆ. ಮೊದಲ ಎರಡು ಆವರ್ತನ ಷಡ್ಜದ ಕಾರ್ಡ್, ಅಂದರೆ ಸ-ಗ-ಪ ಒಟ್ಟಿಗೆ. ಮೂರನೆಯದು ಮಧ್ಯಮದ ಮೇಲೆ ಕಟ್ಟಿದ ಕಾರ್ಡ್. ನಾಲ್ಕನೆಯದರಲ್ಲಿ ಮತ್ತೆ ಷಡ್ಜ. ಐದನೆಯದರ ಮೊದಲ ಅರ್ಧ ಪಂಚಮ, ಉಳಿದರ್ಧ ಮಧ್ಯಮ. ಆರನೆಯದಕ್ಕೆ ಮನೆಗೆ, ಷಡ್ಜಕ್ಕೆ. ಹಾಡಿನ ಸಾಲೂ ಅದಕ್ಕೆ ಹೊಂದಿಕೊಳ್ಳುತ್ತದೆ: ಮೊದಲ ಸಾಲು ಎರಡು ಸಲ, ಮೂರನೆಯ ಸಾಲು ಅದಕ್ಕೆ ಉತ್ತರ.

ಸ್ವರಗಳಲ್ಲಿ ಒಂದು ವಿಶೇಷವಿದೆ. ಬ್ಲೂಸ್ ಹಾಡುವವರ ಗಾಂಧಾರ ಸಾಧಾರಣವೂ ಅಲ್ಲ, ಅಂತರವೂ ಅಲ್ಲ, ಎರಡರ ನಡುವೆ ಜಾರುತ್ತಿರುತ್ತದೆ. ಗಮಕ ಕೇಳಿ ಅಭ್ಯಾಸವಿರುವ ಕಿವಿಗೆ ಇದು ವಿಚಿತ್ರವೇನಲ್ಲ. ಗಿಟಾರಿನಲ್ಲಿ ಸಾಧಾರಣ ಗಾಂಧಾರದ ಫ್ರೆಟ್ ಒತ್ತಿ ತಂತಿಯನ್ನು ಕೂದಲೆಳೆಯಷ್ಟು ಪಕ್ಕಕ್ಕೆ ಎಳೆದರೆ ಆ ಜಾಗ ಸಿಗುತ್ತದೆ. ಪೂರಾ ಎಳೆದು ಅಂತರ ಗಾಂಧಾರ ಮುಟ್ಟಿಸಿಬಿಟ್ಟರೆ ಬ್ಲೂಸ್ ಹೋಯಿತು.

ಲಯ ಇದಕ್ಕಿಂತ ಸೂಕ್ಷ್ಮ. ಷಿಕಾಗೋದ ಡ್ರಮ್ಮರ್‌ಗಳು ಒಂದೊಂದು ಎಣಿಕೆಯನ್ನೂ ಮೂರು ಪಾಲು ಮಾಡಿ ಮೊದಲನೆಯದನ್ನೂ ಮೂರನೆಯದನ್ನೂ ಹೊಡೆಯುತ್ತಿದ್ದರು. ತಿಶ್ರ ನಡೆಯ ‘ತಕಿಟ’ದಲ್ಲಿ ನಡುವಿನ ‘ಕಿ’ ನುಂಗಿ ‘ತ-ಟ, ತ-ಟ’ ಎಂದು ಹೇಳಿ ನೋಡಿ. ಇದಕ್ಕೆ ಷಫಲ್ ಎನ್ನುತ್ತಾರೆ. ಚಕ್ ಬೆರಿಯ ಎಷ್ಟೋ ತಟ್ಟೆಗಳಲ್ಲಿ ಡ್ರಮ್ ಮತ್ತು ಪಿಯಾನೋ ಈ ತಿಶ್ರಕ್ಕೆ ವಾಲುತ್ತಿರುವಾಗ ಬೆರಿಯ ಗಿಟಾರ್ ಮಾತ್ರ ಎಣಿಕೆಯನ್ನು ಸಮನಾಗಿ ಎರಡು ಪಾಲು ಮಾಡುತ್ತದೆ: ‘ತಕ, ತಕ’. ಎರಡು ನಡೆ ಒಟ್ಟಿಗೆ ಉಜ್ಜುವ ಜಾಗದಲ್ಲಿ ಆ ತೂಗುವಿಕೆ ಹುಟ್ಟುತ್ತದೆ. ಜನ ರಾಕ್ ಅನ್ನು ಇಟ್ಟುಕೊಂಡು ರೋಲ್ ಅನ್ನು ಮರೆತರು ಎಂದು ರಿಚರ್ಡ್ಸ್ ಆಗಾಗ ಗೊಣಗುವುದು ಇದನ್ನೇ. ಹೊಸಬರು ಬೆರಿ ಹಾಡು ನುಡಿಸಿದಾಗ ಮಿಲಿಟರಿ ಕವಾಯತಿನಂತೆ ಕೇಳಿಸುವುದಕ್ಕೆ ಕಾರಣವೂ ಇದೇ, ಇಡೀ ತಂಡ ‘ತಕ’ಕ್ಕೆ ಇಳಿದುಬಿಟ್ಟಿರುತ್ತದೆ.

ಪಿಯಾನೋದವನ ಎಡಗೈ, ಚಕ್ ಬೆರಿಯ ಗಿಟಾರ್

ಈಗ ಮುಖ್ಯ ವಿಷಯಕ್ಕೆ ಬರೋಣ. ಬೂಗಿ ಪಿಯಾನೋ ನುಡಿಸುವವರ ಎಡಗೈ ಷಡ್ಜವನ್ನು ಬಿಡದೆ ಹಿಡಿದು, ಅದರ ಮೇಲೆ ಪಂಚಮ, ಚತುಶ್ರುತಿ ಧೈವತ, ಕೆಲವೊಮ್ಮೆ ಕೈಶಿಕಿ ನಿಷಾದ ಎಂದು ಹತ್ತಿ ಇಳಿಯುತ್ತಿರುತ್ತದೆ. ಬೆರಿ ಈ ಎಡಗೈ ಕೆಲಸವನ್ನು ಗಿಟಾರಿನ ಎರಡು ತಂತಿಗೆ ತಂದರು. ಅವರಿಗಿಂತ ಮುಂಚೆಯೂ ಇದನ್ನು ಮಾಡಿದವರಿದ್ದರು. ಆದರೆ ಹಾಡಿನ ಮುಂಭಾಗಕ್ಕೆ ತಂದು ನಿಲ್ಲಿಸಿದ್ದು ಬೆರಿ.

ಗಿಟಾರ್ ಕೈಯಲ್ಲಿದ್ದರೆ ಹೀಗೆ ಮಾಡಿ ನೋಡಿ. ದಪ್ಪ ತಂತಿಯಿಂದ ಎರಡನೆಯದು, ಅಂದರೆ ಐದನೇ ತಂತಿ ‘ಎ’, ಬರಿದೇ ನುಡಿಯಲಿ. ಅದು ಷಡ್ಜ. ಪಕ್ಕದ ನಾಲ್ಕನೇ ತಂತಿಯ 2ನೇ ಫ್ರೆಟ್‌ನಲ್ಲಿ ತೋರುಬೆರಳು ಒತ್ತಿದರೆ ಪಂಚಮ. ಎರಡೂ ತಂತಿಯನ್ನು ಒಟ್ಟಿಗೆ ಎರಡು ಸಲ ಕೆಳಮುಖವಾಗಿ ಹೊಡೆಯಿರಿ. ತೋರುಬೆರಳು ಎತ್ತದೆ ಉಂಗುರದ ಬೆರಳನ್ನು 4ನೇ ಫ್ರೆಟ್‌ಗೆ ಇಟ್ಟು ಮತ್ತೆ ಎರಡು ಸಲ. ಈಗ ಬಂದದ್ದು ಧೈವತ. ಕಿರುಬೆರಳು 5ನೇ ಫ್ರೆಟ್‌ಗೆ ಹೋದರೆ ಕೈಶಿಕಿ ನಿಷಾದ. ಸ-ಪ, ಸ-ಪ, ಸ-ದ, ಸ-ದ. ಬೆರಿ ಹಾಡುಗಳ ಎಂಜಿನ್ ಇಷ್ಟೇ.

ತಪ್ಪುವುದು ಮೂರು ಕಡೆ. ಬಲ ಅಂಗೈಯ ಬದಿಯನ್ನು ಬ್ರಿಜ್ (ತಂತಿಗಳು ಕೂರುವ ಕುದುರೆ) ಹತ್ತಿರ ತಂತಿಗೆ ಹಗುರವಾಗಿ ತಾಗಿಸದಿದ್ದರೆ ನಾದ ಹರಡಿಕೊಂಡು ಲಯ ಮಸುಕಾಗುತ್ತದೆ. ತೋರುಬೆರಳನ್ನು ಸ್ವಲ್ಪ ಚಪ್ಪಟೆ ಮಾಡಿ ಮೂರನೇ ತಂತಿಗೆ ತಾಗಿಸದಿದ್ದರೆ ಅದೂ ಸೇರಿ ನುಡಿಯುತ್ತದೆ. ಮೂರನೆಯದು ಕೈನೋವು. ಬೆರಿಯ ‘ಜಾನಿ ಬಿ. ಗುಡ್’ ಇರುವುದು ‘ಬಿ ಫ್ಲ್ಯಾಟ್’ ಶ್ರುತಿಯಲ್ಲಿ. ಅಲ್ಲಿ ಬರಿದೇ ನುಡಿಯುವ ಷಡ್ಜ ಇಲ್ಲ, ಆರನೇ ತಂತಿಯ 6ನೇ ಫ್ರೆಟ್ ಒತ್ತಿಕೊಂಡೇ ಐದನೇ ತಂತಿಯ 8 ಮತ್ತು 10ನೇ ಫ್ರೆಟ್‌ಗೆ ಚಾಚಬೇಕು. ತೋರುಬೆರಳಿನಿಂದ ಕಿರುಬೆರಳಿಗೆ ನಾಲ್ಕು ಫ್ರೆಟ್‌ಗಳ ಅಂತರ. ಬೆರಿಯ ಬೆರಳುಗಳು ಉದ್ದ, ಎಲ್ಲರಿಗೂ ಅದು ಒದಗುವುದಿಲ್ಲ.

ಗಿಟಾರಿಗೆ ಒಲ್ಲದ ಆ ಶ್ರುತಿ ಯಾಕೆ? ಇದಕ್ಕೆ ಉತ್ತರ ರಿಚರ್ಡ್ಸ್‌ಗೆ ಹೊಳೆದದ್ದು 1986ರಲ್ಲಿ. ಬೆರಿಯ ಅರವತ್ತನೇ ಹುಟ್ಟುಹಬ್ಬಕ್ಕೆ ಸೇಂಟ್ ಲೂಯಿಸ್‌ನಲ್ಲಿ ಕಛೇರಿ ಏರ್ಪಡಿಸಿ ಚಿತ್ರೀಕರಿಸಿದಾಗ ತಂಡ ಕಟ್ಟಿದವರು ಅವರೇ. ‘ಬಿ ಫ್ಲ್ಯಾಟ್’, ‘ಇ ಫ್ಲ್ಯಾಟ್’ ಇವೆಲ್ಲ ಪಿಯಾನೋದವರಿಗೂ ಸ್ಯಾಕ್ಸೊಫೋನಿನವರಿಗೂ ಒಗ್ಗುವ ಶ್ರುತಿಗಳು. ಬೆರಿಯ ಹಳೆಯ ತಟ್ಟೆಗಳಲ್ಲಿ ಹಲವಕ್ಕೆ ಪಿಯಾನೋ ನುಡಿಸಿದ್ದು ಜಾನಿ ಜಾನ್ಸನ್. ಬೆರಿ ಮೊದಲು ಸೇರಿಕೊಂಡದ್ದು ಜಾನ್ಸನ್ ಅವರ ತಂಡಕ್ಕೇ. ಹಾಗಾದರೆ ಹಾಡುಗಳು ಹುಟ್ಟಿದ್ದು ಪಿಯಾನೋ ಮೇಲೆ, ಬೆರಿ ಅದಕ್ಕೆ ತಕ್ಕಂತೆ ಗಿಟಾರನ್ನು ಒಗ್ಗಿಸಿಕೊಂಡರು ಎಂಬುದು ರಿಚರ್ಡ್ಸ್ ವಾದ. ಆ ಹೊತ್ತಿಗೆ ಜಾನ್ಸನ್ ಸೇಂಟ್ ಲೂಯಿಸ್‌ನಲ್ಲಿ ಬಸ್ ಓಡಿಸುತ್ತಿದ್ದರು.

ಅದೇ ಮೂರು ಸ್ವರ, 1965ರಲ್ಲಿ

ಸ್ಟೋನ್ಸ್ ತಂಡದ ಮೊದಲ ಸಿಂಗಲ್, 1963ರ ‘ಕಮ್ ಆನ್’, ಬೆರಿ ಹಾಡು. ಹಿಂಬದಿಯ ಹಾಡು ಚೆಸ್‌ನ ವಿಲ್ಲಿ ಡಿಕ್ಸನ್ ಅವರದು. 1964ರ ಮೊದಲ ಆಲ್ಬಮ್‌ನಲ್ಲಿ ಜಾಗರ್-ರಿಚರ್ಡ್ಸ್ ಹೆಸರಿನ ಹಾಡು ಒಂದೇ ಒಂದು. ಬೇರೆಯವರ ಹಾಡು ಎಷ್ಟು ದಿನ ನಡೆಯುತ್ತದೆ ಎಂದು ಮ್ಯಾನೇಜರ್ ಆಂಡ್ರೂ ಲೂಗ್ ಓಲ್ಡಮ್ ಇಬ್ಬರ ಬೆನ್ನು ಬಿದ್ದರು. ಆಗ ಅವರು ಬರೆದದ್ದು ಏನು ಎಂದು ನೋಡಿದರೆ ನಗು ಬರುತ್ತದೆ: ಮೃದುವಾದ, ನಿಟ್ಟುಸಿರಿನ ಹಾಡುಗಳು. ‘ಆಸ್ ಟಿಯರ್ಸ್ ಗೋ ಬೈ’ ಅವುಗಳಲ್ಲೊಂದು. ಅದನ್ನು ಮರಿಯಾನ್ ಫೇತ್‌ಫುಲ್ ಹಾಡಿದರು. ದಿನವಿಡೀ ಮಡ್ಡಿ ವಾಟರ್ಸ್ ನುಡಿಸುವವರಿಗೆ ತಮ್ಮದೇ ತಂಡಕ್ಕೆ ಹಾಡು ಬರೆಯಲು ಬರುತ್ತಿರಲಿಲ್ಲ.

ಗಂಟು ಬಿಚ್ಚಿದ್ದು 1965ರಲ್ಲಿ. ಮೊದಲು ‘ದ ಲಾಸ್ಟ್ ಟೈಮ್’. ಅದರ ಪಲ್ಲವಿಗೆ ಆಸರೆಯಾದದ್ದು ಸ್ಟೇಪಲ್ ಸಿಂಗರ್ಸ್ ಕುಟುಂಬ ಹಾಡಿದ್ದ ಚರ್ಚಿನ ಹಾಡು. ಅದಾದ ಮೇಲೆ ‘ಸ್ಯಾಟಿಸ್‌ಫ್ಯಾಕ್ಷನ್’. ನಿದ್ದೆಗಣ್ಣಿನಲ್ಲಿ ಎದ್ದು ಕ್ಯಾಸೆಟ್ ಯಂತ್ರಕ್ಕೆ ನುಡಿಸಿ ಮಲಗಿದ್ದಾಗಿಯೂ, ಬೆಳಿಗ್ಗೆ ಕೇಳಿದರೆ ಸ್ವಲ್ಪ ಗಿಟಾರ್, ಉಳಿದದ್ದೆಲ್ಲ ಗೊರಕೆ ಎಂದೂ ರಿಚರ್ಡ್ಸ್ ಹೇಳಿಕೊಂಡಿದ್ದಾರೆ.

ಆ ರಿಫ್ ಅನ್ನು, ಅಂದರೆ ಹಾಡಿನುದ್ದಕ್ಕೂ ಮರಳಿ ಬರುವ ಗಿಟಾರ್ ತುಣುಕನ್ನು, ಸ್ವರದಲ್ಲಿ ಬರೆಯೋಣ. ಶ್ರುತಿ ‘ಇ’. ಪ ಪ, ಪ ದ ನಿ, ನಿ ನಿ ದ ದ ಪ. ಇರುವುದು ಮೂರೇ ಸ್ವರ. ಐದನೇ ತಂತಿಯ 2, 4, 5ನೇ ಫ್ರೆಟ್‌ಗಳು. ಈಗ ಬೆರಿಯ ಬೂಗಿಯನ್ನು ದಪ್ಪ ತಂತಿಯ ಕಡೆಗೆ ಒಂದು ತಂತಿ ಸರಿಸಿ ‘ಇ’ ಶ್ರುತಿಯಲ್ಲಿ ನುಡಿಸಿ: ಆರನೇ ತಂತಿ ಬರಿದೇ, ಐದನೇ ತಂತಿಯಲ್ಲಿ 2, 4, 5. ಅವೇ ಫ್ರೆಟ್‌ಗಳು, ಅವೇ ಬೆರಳುಗಳು. ಕೆಳಗಿನ ಷಡ್ಜವನ್ನು ತೆಗೆದು, ಉಳಿದ ಮೂರು ಸ್ವರದ ಲಯವನ್ನು ಬದಲಿಸಿದರೆ ‘ಸ್ಯಾಟಿಸ್‌ಫ್ಯಾಕ್ಷನ್’. ರಿಚರ್ಡ್ಸ್ ಲೆಕ್ಕ ಹಾಕಿ ಹೀಗೆ ಮಾಡಿದರು ಎಂದಲ್ಲ. ವರ್ಷಗಟ್ಟಲೆ ಒಂದೇ ದಾರಿಯಲ್ಲಿ ನಡೆದ ಬೆರಳು ನಿದ್ದೆಯಲ್ಲೂ ಆ ದಾರಿಗೇ ಹೋಗುತ್ತದೆ.

ಅವರಿಗೆ ಮಾತ್ರ ಅದು ಬೇರೆಯೇ ರೀತಿ ಕೇಳಿಸಿತ್ತು. ಮಾರ್ತಾ ಅಂಡ್ ದ ವ್ಯಾಂಡೆಲ್ಲಾಸ್ ತಂಡದ ‘ಡ್ಯಾನ್ಸಿಂಗ್ ಇನ್ ದ ಸ್ಟ್ರೀಟ್’ಗೆ ಹತ್ತಿರವಾಯಿತೇನೋ ಎಂಬ ಅಳುಕಿತ್ತು. ರಿಫ್ ಇರಬೇಕಾದದ್ದು ಗಿಟಾರಿನಲ್ಲಲ್ಲ, ಟ್ರಂಪೆಟ್ ಸ್ಯಾಕ್ಸೊಫೋನ್‌ಗಳಲ್ಲಿ ಎಂದುಕೊಂಡಿದ್ದರು. ಆ ಊದುವಾದ್ಯಗಳ ಜಾಗ ಗುರುತಿಗೆಂದು ಮೇಸ್ಟ್ರೊ ಫಝ್-ಟೋನ್ ಎಂಬ ಪೆಡಲ್ ಒತ್ತಿ ನುಡಿಸಿದರು. ಗಿಟಾರಿನ ನಾದವನ್ನು ಒಡೆದು ಜೇನುನೊಣ ಗುಂಯ್‌ಗುಡುವಂತೆ ಮಾಡುವ ಪೆಟ್ಟಿಗೆ ಅದು. 1965ರ ಮೇ ತಿಂಗಳಲ್ಲಿ ಮೊದಲು ಚೆಸ್ ಸ್ಟುಡಿಯೋದಲ್ಲಿ, ಎರಡು ದಿನ ಬಿಟ್ಟು ಹಾಲಿವುಡ್‌ನಲ್ಲಿ ರೆಕಾರ್ಡಿಂಗ್ ಆಯಿತು. ಕರಡು ಎಂದುಕೊಂಡದ್ದೇ ಬಿಡುಗಡೆಯಾಗಿ ಅಮೆರಿಕದಲ್ಲಿ ಒಂದನೇ ಸ್ಥಾನಕ್ಕೇರಿತು. ಚಾರ್ಲಿ ವಾಟ್ಸ್ ಅವರ ಡ್ರಮ್ ಗಮನಿಸಿ: ಸಾಮಾನ್ಯವಾಗಿ ಎರಡು, ನಾಲ್ಕನೇ ಎಣಿಕೆಗೆ ಬೀಳುವ ಸ್ನೇರ್ (ಚಿಕ್ಕ ಡ್ರಮ್) ಪೆಟ್ಟು ಇಲ್ಲಿ ನಾಲ್ಕಕ್ಕೆ ನಾಲ್ಕೂ ಬೀಳುತ್ತದೆ. ಡೆಟ್ರಾಯ್ಟ್‌ನ ಮೋಟೌನ್ ಕಂಪನಿಯ ತಟ್ಟೆಗಳ ಪದ್ಧತಿ ಅದು. ಅದೇ ವರ್ಷ ಓಟಿಸ್ ರೆಡ್ಡಿಂಗ್ ಮೆಂಫಿಸ್‌ನಲ್ಲಿ ಇದನ್ನು ಹಾಡಿದಾಗ ರಿಫ್ ಅನ್ನು ಊದುವಾದ್ಯಗಳಿಗೇ ಕೊಟ್ಟರು. ರಿಚರ್ಡ್ಸ್ ಅಂದುಕೊಂಡಿದ್ದ ರೂಪ ಹಾಗೆ ಆರ್ ಅಂಡ್ ಬಿ ಗಾಯಕರೊಬ್ಬರಿಂದ ಬಂತು.

ಜಿಮ್ಮಿ ರೀಡ್ ಕಲಿಸಿದ ಹಾಸು ಹೊಕ್ಕು

ಬೆರಿಯಿಂದ ಸಿಕ್ಕಿದ್ದು ಎಂಜಿನ್. ಎರಡು ಗಿಟಾರ್ ಒಂದರ ಕಾಲು ಇನ್ನೊಂದು ತುಳಿಯದೆ ಹೇಗೆ ನಡೆಯಬೇಕು ಎಂಬ ಪಾಠ ಜಿಮ್ಮಿ ರೀಡ್ ಅವರದು. ಷಿಕಾಗೋದ ವೀ-ಜೇ ಕಂಪನಿಗೆ ಹಾಡುತ್ತಿದ್ದ ರೀಡ್ ತಟ್ಟೆಗಳು ಸೋಮಾರಿ ನಡಿಗೆಯಂತೆ ಕೇಳಿಸುತ್ತವೆ. ಕತ್ತಿಗೆ ಕಟ್ಟಿದ ಚೌಕಟ್ಟಿನಲ್ಲಿ ಮೌತ್ ಆರ್ಗನ್, ಕೈಯಲ್ಲಿ ಗಿಟಾರ್. ಪಕ್ಕದಲ್ಲಿ ಗೆಳೆಯ ಎಡ್ಡಿ ಟೇಲರ್ ಕೆಳ ತಂತಿಗಳಲ್ಲಿ ಅದೇ ಬೂಗಿಯನ್ನು ಎಳೆಯುತ್ತಿರುತ್ತಾರೆ, ರೀಡ್ ಮೇಲಿನ ತಂತಿಗಳಲ್ಲಿ ಆ ಸಂದುಗಳನ್ನು ತುಂಬುತ್ತಾರೆ.

1962-63ರ ಚಳಿಗಾಲದಲ್ಲಿ ಲಂಡನ್ನಿನ ಎಡಿತ್ ಗ್ರೋವ್ ಬಾಡಿಗೆ ಮನೆಯಲ್ಲಿ ರಿಚರ್ಡ್ಸ್ ಮತ್ತು ಬ್ರಯನ್ ಜೋನ್ಸ್ ಈ ತಟ್ಟೆಗಳನ್ನು ಹಾಕಿಕೊಂಡು ಕೂತರು. ಮುಖ್ಯ ಗಿಟಾರ್, ಪಕ್ಕದ ಗಿಟಾರ್ ಎಂಬ ವಿಂಗಡಣೆ ಅಲ್ಲೇ ಅಳಿಸಿತು. ರಿಚರ್ಡ್ಸ್ ಇದನ್ನು ನೇಯ್ಗೆ ಎನ್ನುತ್ತಾರೆ. ಮಗ್ಗ ನೋಡಿದವರಿಗೆ ಮಾತು ಬೇಗ ತಿಳಿಯುತ್ತದೆ: ಒಬ್ಬರು ಹಾಸು, ಇನ್ನೊಬ್ಬರು ಹೊಕ್ಕು, ಹಾಡಿನ ನಡುವೆ ಅದಲುಬದಲು. 1978ರ ‘ಬೀಸ್ಟ್ ಆಫ್ ಬರ್ಡನ್’ನಲ್ಲಿ ತಂಡದ ಗಿಟಾರ್ ವಾದಕ ರಾನ್ ವುಡ್ ಜೊತೆ ಇದು ತಿಳಿಯಾಗಿ ಕೇಳಿಸುತ್ತದೆ.

ರೀಡ್ ಅವರಿಂದ ಬಂದ ಇನ್ನೊಂದು ಉಪಾಯ ಪಂಚಮದ ಕಾರ್ಡ್‌ನದು. ‘ಇ’ ಶ್ರುತಿಯಲ್ಲಿ ಪಂಚಮ ಎಂದರೆ ‘ಬಿ’, ಅದಕ್ಕೆ ಬೆರಳು ಪೂರಾ ಅಡ್ಡ ಹಾಕಿ ಒತ್ತಬೇಕು. ರೀಡ್ ಆ ಗೋಜಿಗೇ ಹೋಗುತ್ತಿರಲಿಲ್ಲ. ಬರಿದಾದ ‘ಎ’ ತಂತಿಯನ್ನು ನುಡಿಸುತ್ತ ಪಕ್ಕದ ‘ಡಿ’ ತಂತಿಯ ಮೇಲೆ ಬೆರಳು ಜಾರಿಸುತ್ತಿದ್ದರು. ‘ಬಿ’ಯಿಂದ ಎಣಿಸಿದರೆ ‘ಎ’ ಕೈಶಿಕಿ ನಿಷಾದ. ಮೂಲ ಸ್ವರವೇ ಇಲ್ಲದೆ, ಅದರ ನಿಷಾದದ ಮೇಲೆ ನಿಂತು ಪಂಚಮದ ಭಾವ ಹುಟ್ಟಿಸುವ ಜಾಣತನ. ತಟ್ಟೆ ಎಷ್ಟು ಕೇಳಿದರೂ ರಿಚರ್ಡ್ಸ್‌ಗೆ ಇದು ಹತ್ತಲಿಲ್ಲ. ಕೊನೆಗೆ ಅಮೆರಿಕ ಪ್ರವಾಸದಲ್ಲಿ ಬಾಬಿ ಗೋಲ್ಡ್ಸ್‌ಬರೊ ಎಂಬ ಗಾಯಕ ತೋರಿಸಿಕೊಟ್ಟರು. ಅಲ್ಲಿ ಒತ್ತಲೇಬೇಕು ಎಂದು ಕೈ ಹುಡುಕುತ್ತಿತ್ತು, ರೀಡ್ ಒತ್ತುತ್ತಲೇ ಇರಲಿಲ್ಲ.

ಆರನೇ ತಂತಿ ಯಾಕೆ ಹೋಯಿತು

1960ರ ದಶಕದ ಕೊನೆಗೆ ರಿಚರ್ಡ್ಸ್ ಗಿಟಾರಿನ ಶ್ರುತಿಯನ್ನೇ ಬದಲಿಸಿದರು. ಅಮೆರಿಕದ ದಕ್ಷಿಣದ ಬ್ಲೂಸ್‌ನವರು ಬಹಳ ಹಿಂದಿನಿಂದ ಬಳಸುತ್ತಿದ್ದ, ಬ್ಯಾಂಜೋಗೆ ಹತ್ತಿರದ ‘ಓಪನ್ ಜಿ’ ಶ್ರುತಿ ಅದು. ಇದರತ್ತ ಅವರ ಗಮನ ಸೆಳೆದವರಲ್ಲಿ ಅಮೆರಿಕದ ಗಿಟಾರ್ ವಾದಕ ರೈ ಕೂಡರ್ ಒಬ್ಬರು. 1969ರ ‘ಹಾಂಕಿ ಟಾಂಕ್ ವಿಮೆನ್’ನಿಂದ ಮುಂದಿನ ಹಾಡುಗಳಲ್ಲಿ ಇದು ಎದ್ದು ಕಾಣುತ್ತದೆ.

ಮಾಡುವ ರೀತಿ: ಅತಿ ದಪ್ಪದ ಆರನೇ ತಂತಿಯನ್ನು ತೆಗೆದುಬಿಡಿ. ಐದನೆಯದನ್ನು ‘ಎ’ಯಿಂದ ‘ಜಿ’ಗೆ, ಅಂದರೆ ಎರಡು ಫ್ರೆಟ್‌ನಷ್ಟು, ಇಳಿಸಿ. ಮೂರನೇ ತಂತಿಗೆ ಹೋಲಿಸಿ ಒಂದು ಸ್ಥಾಯಿ ಕೆಳಗೆ ಕೂರಿಸಬೇಕು. ಅತಿ ತೆಳುವಾದ ಒಂದನೆಯದನ್ನು ‘ಇ’ಯಿಂದ ‘ಡಿ’ಗೆ ಇಳಿಸಿ, ಇದಕ್ಕೆ ಅಳತೆ ನಾಲ್ಕನೇ ತಂತಿ. ನಡುವಿನ ಮೂರನ್ನೂ ಮುಟ್ಟಬೇಡಿ. ಈಗ ದಪ್ಪದಿಂದ ತೆಳುವಿಗೆ ಜಿ, ಡಿ, ಜಿ, ಬಿ, ಡಿ. ನಮ್ಮ ಲೆಕ್ಕದಲ್ಲಿ ಸ ಪ ಸ ಗ ಪ. ಸ-ಪ-ಸ-ಪ ಎಂದು ತಂತಿ ಕೂರಿಸುವ ವೀಣೆಯವರಿಗೆ ಇದು ನೆಂಟರ ಮನೆಯಂತೆ ಕಂಡೀತು. ಆರನೇ ತಂತಿ ಇಟ್ಟುಕೊಂಡರೆ ಅದು ಷಡ್ಜಕ್ಕಿಂತ ಕೆಳಗಿನ ಪಂಚಮವಾಗಿ ಗೊರಗೊರ ಎನ್ನುತ್ತದೆ, ಬೇಸ್ ಗಿಟಾರಿಗೂ ಅಡ್ಡ ಬರುತ್ತದೆ. ಹಾಗಾಗಿ ತೆಗೆದದ್ದು.

ಇಲ್ಲಿ ಎರಡು ತೊಂದರೆ ಬರುತ್ತವೆ. ಇಳಿಸಿದ ತಂತಿ ಸಡಿಲವಾಗಿ ಫ್ರೆಟ್‌ಗೆ ಬಡಿದು ಝರ್ ಎನ್ನಬಹುದು. ಆ ಎರಡು ತಂತಿಗೆ ಒಂದು ಅಳತೆ ದಪ್ಪನೆಯದು ಹಾಕಿದರೆ ಸರಿಹೋಗುತ್ತದೆ. ಇನ್ನೊಂದು ಗಾಂಧಾರದ್ದು. ತಂಬೂರಿಯಲ್ಲಿ ತಾನಾಗಿ ಕೇಳಿಸುವ ಸ್ವಯಂಭು ಗಾಂಧಾರಕ್ಕಿಂತ ಎಲೆಕ್ಟ್ರಾನಿಕ್ ಟ್ಯೂನರ್ ತೋರಿಸುವ ‘ಬಿ’ ಸುಮಾರು 14 ಸೆಂಟ್ ಮೇಲಿರುತ್ತದೆ. ಒಂದು ಫ್ರೆಟ್ ಎಂದರೆ 100 ಸೆಂಟ್. ಐದೂ ತಂತಿ ಬರಿದೇ ಮೊಳಗುವಾಗ ಈ ವ್ಯತ್ಯಾಸ ಕಿವಿಗೆ ಚುಚ್ಚುತ್ತದೆ. ಟ್ಯೂನರ್ ಪಕ್ಕಕ್ಕಿಟ್ಟು ಎರಡನೇ ತಂತಿಯನ್ನು ಕಿವಿಯ ಮೇಲೆ ಕೂದಲೆಳೆಯಷ್ಟು ಇಳಿಸಬೇಕು.

ಇನ್ನು ಬೆರಳು. 5ನೇ ಫ್ರೆಟ್‌ನಲ್ಲಿ ತೋರುಬೆರಳನ್ನು ಅಡ್ಡಲಾಗಿ ಹಾಸಿದರೆ ‘ಸಿ’ ಕಾರ್ಡ್ ಸಿದ್ಧ. ಆ ಬೆರಳು ಕದಲದೆ, ನಡುಬೆರಳು ಎರಡನೇ ತಂತಿಯ 6ನೇ ಫ್ರೆಟ್‌ಗೆ, ಉಂಗುರದ ಬೆರಳು ನಾಲ್ಕನೇ ತಂತಿಯ 7ಕ್ಕೆ. ಎರಡು ಬೆರಳು ಇಟ್ಟು, ತೆಗೆದು, ಇಟ್ಟು ನೋಡಿ. 1981ರ ‘ಸ್ಟಾರ್ಟ್ ಮಿ ಅಪ್’ ಶುರುವಾಗುವುದು ಇಲ್ಲಿ.

ಆ ಎರಡು ಬೆರಳು ಮಾಡಿದ್ದೇನು? ‘ಸಿ’ಯನ್ನು ಷಡ್ಜ ಎಂದುಕೊಂಡರೆ ಎರಡನೇ ತಂತಿಯಲ್ಲಿ ಗಾಂಧಾರ ಮಧ್ಯಮವಾಯಿತು, ನಾಲ್ಕನೇ ತಂತಿಯಲ್ಲಿ ಪಂಚಮ ಧೈವತವಾಯಿತು. ಕೆಳಗೆ ಷಡ್ಜ ಕದಲದೆ ಕೂತಿದೆ, ಮೇಲೆ ಪ ಹೋಗಿ ದ. ಅದೇ ಬೂಗಿ! ಬೆರಿ ಎರಡು ತಂತಿಯಲ್ಲಿ ಮಾಡುತ್ತಿದ್ದದ್ದನ್ನು ಇಲ್ಲಿ ಐದು ತಂತಿಯ ಕಾರ್ಡ್ ಒಳಗೆ ಇಟ್ಟಂತಾಗಿದೆ. ಜೊತೆಗೆ ಗ-ಮ ಸೇರಿದ್ದರಿಂದ ಹನ್ನೆರಡು ಬಾರ್‌ನ ಷಡ್ಜ-ಮಧ್ಯಮ ಓಡಾಟವೂ ಒಂದೇ ಹಿಡಿತಕ್ಕೆ ಬಂತು. ‘ಬ್ರೌನ್ ಶುಗರ್’ನಲ್ಲೂ ಈ ಬೆರಳಾಟವೇ, ಜಾಗ ಬೇರೆ.

ಜೋಡಿಯಾಗಿ ಕೇಳುವುದಾದರೆ

ಬೆರಿಯ ‘ಕ್ಯಾರೊಲ್’ ಮತ್ತು ಸ್ಟೋನ್ಸ್ 1964ರಲ್ಲಿ ನುಡಿಸಿದ್ದನ್ನು ಒಂದರ ಹಿಂದೆ ಒಂದು ಕೇಳಿ, ಹುಡುಗರ ಅವಸರ ಗೊತ್ತಾಗುತ್ತದೆ. ಮಡ್ಡಿ ವಾಟರ್ಸ್ ನಿಧಾನವಾಗಿ ಹಾಡಿದ ‘ಐ ಜಸ್ಟ್ ವಾಂಟ್ ಟು ಮೇಕ್ ಲವ್ ಟು ಯು’ ಇವರ ಕೈಯಲ್ಲಿ ಓಟವಾಗಿದೆ. ‘ನಾಟ್ ಫೇಡ್ ಅವೇ’ ಬಡ್ಡಿ ಹಾಲಿ ಹಾಡು, ಆದರೆ ಸ್ಟೋನ್ಸ್ ಅದಕ್ಕೆ ಹಾಕಿದ್ದು ಆರ್ ಅಂಡ್ ಬಿ ಗಾಯಕ ಬೋ ಡಿಡ್ಲಿಯ ತಾಳ. ಹದಿನಾರು ಅಕ್ಷರವನ್ನು 3, 3, 4, 2, 4 ಎಂದು ಒಡೆದು ಪ್ರತಿ ಗುಂಪಿನ ಮೊದಲಿಗೆ ಚಪ್ಪಾಳೆ ತಟ್ಟಿದರೆ ಅದು ಸಿಗುತ್ತದೆ. ಹೆಡ್‌ಫೋನ್ ಇದ್ದರೆ ಒಳ್ಳೆಯದು. 2016ರ ‘ಬ್ಲೂ ಅಂಡ್ ಲೋನ್ಸಮ್’ ಆಲ್ಬಮ್‌ನಲ್ಲಿ ಬಹುಪಾಲು ಷಿಕಾಗೋ ಹಾಡುಗಳೇ, ಮೂರೇ ದಿನದಲ್ಲಿ ರೆಕಾರ್ಡ್ ಆದದ್ದು. ಎಪ್ಪತ್ತು ದಾಟಿದವರ ಕೈಯಲ್ಲಿ ಅವಸರ ಇಲ್ಲ.

ಯಾರ ಹಾಡು, ಯಾರ ಹೆಸರು

ಬೆರಳಿನ ಚಲನೆಗೆ ಕಾಪಿರೈಟ್ ಇಲ್ಲ, ಹಾಡಿಗೆ ಇದೆ. ಅಲ್ಲಿ ಕಥೆ ಅಷ್ಟು ಚೊಕ್ಕವಲ್ಲ. 1968ರ ‘ಪ್ರಾಡಿಗಲ್ ಸನ್’ ಮೊದಲ ಮುದ್ರಣಗಳಲ್ಲಿ ಜಾಗರ್-ರಿಚರ್ಡ್ಸ್ ಹೆಸರಿನಲ್ಲಿ ಬಂತು, ಅದು ರೆವರೆಂಡ್ ರಾಬರ್ಟ್ ವಿಲ್ಕಿನ್ಸ್ ಹಾಡು, ಹೆಸರು ಸರಿಪಡಿಸಿದ್ದು ಆಮೇಲೆ. ಸ್ಟೋನ್ಸ್ ನುಡಿಸಿದ್ದ, ರಾಬರ್ಟ್ ಜಾನ್ಸನ್ ಅವರ ‘ಲವ್ ಇನ್ ವೇನ್’ ವಿಷಯ ಕೋರ್ಟಿಗೆ ಹೋಗಿ 2000ದಲ್ಲಿ ತೀರ್ಪು ಜಾನ್ಸನ್ ಕಡೆಯವರ ಪರ ಬಂತು. ಇನ್ನೊಂದು ಕಡೆ, 1965ರಲ್ಲಿ ‘ಶಿಂಡಿಗ್’ ಟಿವಿ ಕಾರ್ಯಕ್ರಮಕ್ಕೆ ಕರೆದಾಗ ಷಿಕಾಗೋದ ಬ್ಲೂಸ್ ಗಾಯಕ ಹೌಲಿನ್ ವುಲ್ಫ್ ಅವರಿಗೂ ವೇದಿಕೆ ಸಿಗಬೇಕೆಂದು ಪಟ್ಟು ಹಿಡಿದವರೂ ಸ್ಟೋನ್ಸ್ ತಂಡದವರೇ. ಅಮೆರಿಕದ ಬಿಳಿಯರ ಮನೆಗಳಲ್ಲಿ ಎಷ್ಟೋ ಜನ ವುಲ್ಫ್ ಅವರನ್ನು ಮೊದಲು ನೋಡಿದ್ದು ಅವತ್ತು.

ಬೆರಿಯ ‘ಮೇಬೆಲೀನ್’ ತಟ್ಟೆಯ ಮೇಲೂ, ಹಾಡು ಬರೆಯದ ರೇಡಿಯೋ ನಿರೂಪಕ ಅಲನ್ ಫ್ರೀಡ್ ಹೆಸರು ಸಹಲೇಖಕನೆಂದು ಅಚ್ಚಾಗಿತ್ತು. ಅದೇ ರೆಕಾರ್ಡಿಂಗ್‌ನಲ್ಲಿ ಪಿಯಾನೋ ನುಡಿಸಿದ ಜಾನಿ ಜಾನ್ಸನ್ ಹೆಸರು ಇರಲಿಲ್ಲ. 1986ರ ಕಛೇರಿಯ ನಂತರ ಜಾನ್ಸನ್ ಬಸ್ ಬಿಟ್ಟು ಪಿಯಾನೋಗೆ ಮರಳಿದರು. 2000ದಲ್ಲಿ, ಹತ್ತಾರು ಹಾಡುಗಳಲ್ಲಿ ತನಗೂ ಪಾಲಿದೆ ಎಂದು ಬೆರಿ ಮೇಲೆ ದಾವೆ ಹೂಡಿದರು. ತೀರಾ ತಡವಾಯಿತು ಎಂದು 2002ರಲ್ಲಿ ಕೋರ್ಟು ಅದನ್ನು ವಜಾ ಮಾಡಿತು. ಮೂರು ವರ್ಷ ಬಿಟ್ಟು ಜಾನ್ಸನ್ ತೀರಿಕೊಂಡರು.